ಅಂಶುಬೋಧಿನಿ: ಬೆಳಕಿನ ಶಾಸ್ತ್ರವೊಂದರ ವಿಚಾರ

‘ಅಂಶು’ ಎಂದರೆ ಕಿರಣ. ಸೂರ್ಯನನ್ನು ಅಂಶುಮಾಲಿ ಎಂದು ಕವಿಗಳು ಕರೆದುದು ಇದರಿಂದ. ಎಳೆ ಎಂಬ ಅರ್ಥವೂ ಈ ಶಬ್ದಕ್ಕೆ ಉಂಟು. ನವುರಾದ ಬಟ್ಟೆಗೆ ಅಂಶುಕವೆಂಬ ಹೆಸರಿರುವುದನ್ನು ಹಳಗನ್ನಡ ಓದಿದವರು ಬಲ್ಲರು. ‘ಬೋಧಿನಿ’ ಎಂದರೆ ತಿಳಿಸಿಕೊಡತಕ್ಕದ್ದು. ಅಂತೂ ‘ಅಂಶುಬೋಧಿನಿ’ ಎಂದರೆ ಕಿರಣಗಳ ಸ್ವರೂಪವನ್ನು ತಿಳಿಸಿಕೊಡುವ ಗ್ರಂಥ ಎಂದಾಯಿತು. ಈ ಹೆಸರಿನ ಸಂಸ್ಕೃತ ಗ್ರಂಥವೊಂದು ಭರದ್ವಾಜ ಮಹರ್ಷಿಯ ಕೃತಿಯೆಂಬ ಪ್ರತೀತಿಯೊಡನೆ ಪ್ರಚಾರದಲ್ಲಿದೆ. ಸೂರ್ಯಕಿರಣಗಳನ್ನು ಬಿಡಿಸಿ ಬೇರೆಮಾಡುವುದು, ಕಣ್ಣಿಗೆ ಕಾಣದ ಕಿರಣಗಳನ್ನು ಅಳೆಯುವುದು, ಅದಕ್ಕೆ ತಕ್ಕ ಯಂತ್ರವನ್ನು ಕಟ್ಟುವುದು, ಇವೆಲ್ಲ ಅದರಲ್ಲಿವೆ ಎಂದು ಅದನ್ನು ಮೆಚ್ಚಿದವರು ಹೇಳುತ್ತಾರೆ. ಇದು ನಿಜವಾದರೆ ಪ್ರಪಂಚದ ವಿಜ್ಞಾನಚರಿತ್ರೆಯನ್ನೇ ತಿದ್ದಿ ಬರೆಯಬೇಕಾಗುತ್ತದೆ. ನಿಜವಲ್ಲದಿದ್ದರೆ ನಾವು ಮಕ್ಕಳಿಗೆ ಹೇಳುವ ಮಾತನ್ನು ತಿದ್ದಿಕೊಳ್ಳಬೇಕಾಗುತ್ತದೆ. ಎರಡರಲ್ಲಿ ಯಾವುದೆಂಬುದನ್ನು ಸಾವಧಾನದಿಂದ ವಿಚಾರಿಸೋಣ.

ಅಂಶುಬೋಧಿನಿಯ ಹೆಸರನ್ನು ಕೇಳದ ಓದುಗರೂ ಅದರ ಅಣ್ಣನ ಹೆಸರನ್ನು ಕೇಳಿಯೇ ಇರುತ್ತಾರೆ. ಅದು ವೈಮಾನಿಕ ಶಾಸ್ತ್ರ. ಎರಡರ ಊರೂ ನಮ್ಮ ಕಡೆಯದೇ. ಬೆಂಗಳೂರಿಗೆ ಸಮೀಪದ ಆನೇಕಲ್ಲಿನಲ್ಲಿ ಸುಬ್ಬರಾಯ ಶಾಸ್ತ್ರಿಗಳೆಂಬ ವಿದ್ವಾಂಸರಿದ್ದರು. ಕಣ್ಣಮುಂದೆ ಓಲೆಯನ್ನಾಗಲಿ ಕಾಗದವನ್ನಾಗಲಿ ಇಟ್ಟುಕೊಳ್ಳದೆ ಅವರು ಶ್ಲೋಕಗಳನ್ನು ಹೇಳುತ್ತಿದ್ದರು; ಅದು ಋಷಿಪ್ರಸಾದದಿಂದ ಒಳಗಿನಿಂದ ಬಂದ ವಾಣಿಯೆಂದು ಅವರೂ ಅವರ ಸುತ್ತಲಿನವರೂ ನಂಬಿದ್ದರು. ವೆಂಕಟಾಚಲ ಶರ್ಮರೆಂಬುವರು ಬರೆದುಕೊಂಡರು. ವೈಮಾನಿಕ ಶಾಸ್ತ್ರವನ್ನು ಹೀಗೆ 1918ರಿಂದ 1923ರವರೆಗೆ ಬರೆಯಿಸಲಾಯಿತು. ಅದಕ್ಕೆ ಬೇಕಾದ ವಿಮಾನದ ನಕ್ಷೆಗಳನ್ನು ಬೆಂಗಳೂರಿನ ನಕ್ಷೆಗಾರ ಎಲ್ಲಪ್ಪನವರು ಶಾಸ್ತ್ರಿಗಳ ಮಾತಿನಂತೆ ಬರೆದುಕೊಟ್ಟರು. 1959ರಲ್ಲಿ ಅದು ಹಿಂದಿಯಲ್ಲಿಯೂ, 1973ರಲ್ಲಿ ಮೈಸೂರಿನ ಜಿ. ಆರ್. ಜೋಸ್ಯರ್ ಅವರ ಪ್ರಯತ್ನದಿಂದ ಇಂಗ್ಲಿಷಿನಲ್ಲಿಯೂ ಹೊರಬಂದಿತು. ಅಂಶುಬೋಧಿನಿಯಾದರೋ ಅದಕ್ಕಿಂತ ಮೊದಲೇ, 1931ರಲ್ಲಿ, ಬೆಂಗಳೂರಿನಲ್ಲಿ ಅಚ್ಚಿನ ಮುಖ ಕಂಡಿತು. ಅದೂ ಪೂರ್ತಿಯಾಗಿ ಅಲ್ಲ, ಮೊದಲ ಭಾಗ ಮಾತ್ರ.

ಈ ಎರಡು ಗ್ರಂಥಗಳಲ್ಲಿಯೂ ಬೆಳಕು ಒಂದು ಬಗೆಯ ಮಾಯಾಶಕ್ತಿ. ವೈಮಾನಿಕ ಶಾಸ್ತ್ರದಲ್ಲಿ ವಿಮಾನ ನಡೆಸುವವನು ಅರಿತಿರಬೇಕಾದ ರಹಸ್ಯಗಳು 32. ಅವುಗಳಲ್ಲೊಂದು ಗೂಢವೆಂಬ ರಹಸ್ಯ: ಸೂರ್ಯಕಿರಣದೊಳಗೆ ಅಡಗಿರುವ ಕತ್ತಲೆಯ ಅಂಶವನ್ನು ಸೆಳೆದು ಅದರಿಂದ ವಿಮಾನವನ್ನು ಮರೆಮಾಡುವುದು. ಕಿರಣದಲ್ಲಿ ಕತ್ತಲೆ! ಕಲ್ಪನೆ ಸೊಗಸಾಗಿದೆ, ಒಪ್ಪಬೇಕು. ಅಂಶುಬೋಧಿನಿಯಲ್ಲಿ ಇದೇ ಕಲ್ಪನೆ ‘ಧ್ವಾಂತಪ್ರಮಾಪಕ ಯಂತ್ರ’ವಾಗಿ ಬೆಳೆದಿದೆ. ಧ್ವಾಂತವೆಂದರೆ ಕತ್ತಲೆ, ಪ್ರಮಾಪಕವೆಂದರೆ ಅಳೆಯುವುದು. ಕತ್ತಲೆಯಲ್ಲಿ ಅಂಧತಮ, ಗೂಢತಮ, ತಮ ಎಂಬ ಬಗೆಗಳನ್ನು ಮಾಡಿ ಅವನ್ನು ಅಳೆಯತಕ್ಕ ಯಂತ್ರವಿದು. ಈ ಬಗೆಗಳೆಂದರೆ ಈಗಿನವರು ಹೇಳುವ ನೇರಳಾತೀತ, ಗೋಚರ, ಅವಕೆಂಪು ಕಿರಣಗಳೇ ಎಂದು ಗ್ರಂಥದ ಪಕ್ಷಪಾತಿಗಳು ವ್ಯಾಖ್ಯಾನ ಮಾಡುತ್ತಾರೆ.

“ನಮ್ಮವರಿಗೆ ಇದೆಲ್ಲ ಮೊದಲೇ ಗೊತ್ತಿತ್ತಂತಲ್ಲ, ಸಾರ್?” ಎಂದು ತರಗತಿಯಲ್ಲಿ ಹುಡುಗರು ಕೇಳುತ್ತಾರೆ. ಕೈಯಲ್ಲಿನ ಫೋನಿನಲ್ಲಿ ನೋಡಿ ಬಂದಿರುತ್ತಾರೆ. ಕೇಳುವಾಗ ಅವರ ಮುಖದಲ್ಲಿ ಒಂದು ಹೆಮ್ಮೆ ಇರುತ್ತದೆ. ಆ ಹೆಮ್ಮೆಯನ್ನು ಚಿವುಟಿಹಾಕುವುದು ಉಪಾಧ್ಯಾಯನ ಕೆಲಸವಲ್ಲ. ಹಾಗೆಂದು ಹೌದಪ್ಪಾ ಎಂದು ತಲೆಯಾಡಿಸಿ ಕಳಿಸುವುದೂ ಸಲ್ಲದು. ಶಾಸ್ತ್ರವನ್ನು ಗೌರವಿಸಬೇಕೆಂದರೆ ಯಾವುದು ಶಾಸ್ತ್ರ ಎಂಬುದನ್ನು ಮೊದಲು ಗೊತ್ತುಮಾಡಿಕೊಳ್ಳಬೇಕಷ್ಟೆ.

ಒಂದು ಗ್ರಂಥ ಹಳೆಯದೆಂದು ಹೇಳುವುದು ಹೇಗೆ? ಇದಕ್ಕೆ ನಮ್ಮ ಮೈಸೂರಿನಲ್ಲಿಯೇ ಒಂದು ಉಜ್ವಲವಾದ ನಿದರ್ಶನವಿದೆ. 1905ರಲ್ಲಿ ಮೈಸೂರಿನ ಪ್ರಾಚ್ಯ ಪುಸ್ತಕ ಭಂಡಾರದ ಆರ್. ಶಾಮಶಾಸ್ತ್ರಿಗಳ ಕೈಗೆ ಒಂದು ಓಲೆಯ ಕಟ್ಟು ಬಂದಿತು. ತಂಜಾವೂರು ಸೀಮೆಯ ಪಂಡಿತರೊಬ್ಬರು ತಂದುಕೊಟ್ಟದ್ದು, ಲಿಪಿ ಗ್ರಂಥಲಿಪಿ. ಓದಿ ನೋಡಿದರೆ ಅದು ಕೌಟಿಲ್ಯನ ಅರ್ಥಶಾಸ್ತ್ರ! ಶಾಸ್ತ್ರಿಗಳು 1909ರಲ್ಲಿ ಅದನ್ನು ಅಚ್ಚುಹಾಕಿಸಿದರು. ಶತಮಾನಗಳಿಂದ ಯಾರೂ ಕಾಣದ ಗ್ರಂಥವೆಂದರೂ ವಿದ್ವಾಂಸರು ಅದನ್ನು ಅಲ್ಲಗಳೆಯಲಿಲ್ಲ. ಕಾರಣವೇನು? ಗ್ರಂಥ ಕಾಣದಿದ್ದರೂ ಅದರ ಹೆಜ್ಜೆಗುರುತು ಕಾಣುತ್ತಿತ್ತು. ದಂಡಿ ತನ್ನ ದಶಕುಮಾರಚರಿತದಲ್ಲಿ ವಿಷ್ಣುಗುಪ್ತನ ದಂಡನೀತಿಯನ್ನೂ ಅದರ ಆರು ಸಾವಿರ ಶ್ಲೋಕಗಳ ಪ್ರಮಾಣವನ್ನೂ ಹೇಳಿದ್ದ. ಬಾಣಭಟ್ಟ ಕಾದಂಬರಿಯಲ್ಲಿ ಕೌಟಿಲ್ಯನ ಶಾಸ್ತ್ರವನ್ನು ಕ್ರೂರವೆಂದು ಹಳಿದಿದ್ದ. ಬೈದವನೂ ಸಾಕ್ಷಿಯೇ ಎಂಬುದನ್ನು ಗಮನಿಸಬೇಕು. ಕಾಮಂದಕ ಅದನ್ನು ಅನುಸರಿಸಿ ತನ್ನ ನೀತಿಸಾರವನ್ನು ಬರೆದಿದ್ದ. ಮೂಲದ ಜೊತೆಗೆ ಭಟ್ಟಸ್ವಾಮಿಯ ವ್ಯಾಖ್ಯಾನದ ಒಂದು ಭಾಗವೂ ದೊರೆಯಿತು. ಮುಂದೆ ಬೇರೆ ಕಡೆ ಬೇರೆ ಪ್ರತಿಗಳೂ ಸಿಕ್ಕಿದವು. ಆ ಗ್ರಂಥದ ಕಾಲ ಯಾವುದು, ಅದು ಒಬ್ಬನದೋ ಹಲವರದೋ ಎಂಬ ಚರ್ಚೆ ಇಂದಿಗೂ ನಿಂತಿಲ್ಲ. ಆದರೆ ಅದು ಹಳೆಯ ಗ್ರಂಥ ಎನ್ನುವುದರಲ್ಲಿ ವಿವಾದವಿಲ್ಲ.

ಕನ್ನಡದಲ್ಲಿ ಇದಕ್ಕೆ ತಿರುಗುಮುರುಗಾದ ಉದಾಹರಣೆ ಉಂಟು. ಒಂದನೆಯ ಗುಣವರ್ಮನ ಶೂದ್ರಕ, ಹರಿವಂಶ ಎಂಬ ಕಾವ್ಯಗಳನ್ನು ನಮ್ಮಲ್ಲಿ ಯಾರೂ ಪೂರ್ತಿ ಓದಿಲ್ಲ; ಪ್ರತಿ ಸಿಕ್ಕಿಲ್ಲ. ಆದರೂ ಸಾಹಿತ್ಯಚರಿತ್ರೆಯಲ್ಲಿ ಅವನಿಗೆ ಗೌರವದ ಸ್ಥಾನವಿದೆ. ಏಕೆಂದರೆ ಮಲ್ಲಿಕಾರ್ಜುನನಂಥ ಸಂಕಲನಕಾರರು ಅವನ ಪದ್ಯಗಳನ್ನು ಎತ್ತಿಕೊಂಡಿದ್ದಾರೆ. ಅಸಗನ ಕನ್ನಡ ಕಾವ್ಯದ ಗತಿಯೂ ಇದೇ: ಕಾವ್ಯ ಹೋಯಿತು, ಹೆಸರು ಉಳಿಯಿತು. ಗುಣವರ್ಮನ ಗ್ರಂಥವಿಲ್ಲ, ಸಾಕ್ಷಿಗಳಿದ್ದಾರೆ. ಅಂಶುಬೋಧಿನಿಯ ಗ್ರಂಥವಿದೆ, ಸಾಕ್ಷಿಗಳಿಲ್ಲ. ಶಾಮಶಾಸ್ತ್ರಿಗಳ ಓಲೆಯಂತೆ ಹಳೆಯದೊಂದು ಪ್ರತಿಯನ್ನು ಇದುವರೆಗೆ ಯಾರೂ ತಂದು ಮುಂದಿಟ್ಟಿಲ್ಲ. ಯಾವ ಭಾಷ್ಯಕಾರನೂ ಅದರಿಂದ ಒಂದು ಸೂತ್ರವನ್ನು ಉದಾಹರಿಸಿಲ್ಲ. ಯಾವ ಪ್ರತಿವಾದಿಯೂ ಅದನ್ನು ಬೈದಿಲ್ಲ.

ಅಂಶುಬೋಧಿನಿಯ ಹೆಸರನ್ನು ವೈಮಾನಿಕ ಶಾಸ್ತ್ರ ಎತ್ತಿದೆಯಲ್ಲ ಎಂದು ಕೆಲವರು ಕೇಳುವುದುಂಟು. ಹೌದು, ಎತ್ತಿದೆ. ಅಷ್ಟೇ ಅಲ್ಲ, ವಿಮಾನಚಂದ್ರಿಕಾ, ವ್ಯೋಮಯಾನತಂತ್ರ, ಯಂತ್ರಕಲ್ಪ, ಖೇಟಯಾನಪ್ರದೀಪಿಕಾ ಎಂದು ಮುಂತಾಗಿ ಗ್ರಂಥಗಳ ಸಾಲನ್ನೇ ಹೇಳಿದೆ. ಶೌನಕ, ಗರ್ಗ, ವಾಚಸ್ಪತಿ ಮೊದಲಾದವರನ್ನು ಅವುಗಳ ಕರ್ತೃಗಳೆಂದು ಹೆಸರಿಸಿದೆ. ತಾನು ಯಂತ್ರಸರ್ವಸ್ವವೆಂಬ ಮಹಾಗ್ರಂಥದ ಒಂದು ಭಾಗವೆಂದೂ ಹೇಳಿಕೊಂಡಿದೆ. ಆದರೆ ಈ ಪೈಕಿ ಒಂದಾದರೂ ಬೇರೆಲ್ಲಿಯೂ ಕಾಣಸಿಗುವುದಿಲ್ಲ. ಇದು ಒಂದೇ ಮನೆಯ ಜನ ಒಬ್ಬರಿಗೊಬ್ಬರು ಸಾಕ್ಷಿ ಹೇಳಿದಂತೆ. ನ್ಯಾಯಸ್ಥಾನದಲ್ಲಿ ಅದಕ್ಕೆ ಎಷ್ಟು ಬೆಲೆಯೋ ಇಲ್ಲಿಯೂ ಅಷ್ಟೇ ಬೆಲೆ.

ಕತ್ತಲೆಯ ವಿಷಯದಲ್ಲಂತೂ ಈ ಮೌನ ಬಹಳ ವಿಚಿತ್ರವಾದುದು. ಕತ್ತಲೆ ಎಂದರೆ ಏನು ಎಂಬ ಪ್ರಶ್ನೆಯನ್ನು ನಮ್ಮ ದರ್ಶನಕಾರರು ಬಿಟ್ಟವರಲ್ಲ. ಬೆಳಕಿನ ಅಭಾವವೇ ಕತ್ತಲೆ, ಅದು ಬೇರೊಂದು ವಸ್ತುವಲ್ಲ ಎಂದು ವೈಶೇಷಿಕರು ಹೇಳಿದರು. ಅಲ್ಲ, ಅದೂ ಒಂದು ದ್ರವ್ಯವೇ, ಅದಕ್ಕೆ ಕಪ್ಪು ಎಂಬ ರೂಪವಿದೆ, ಚಲನೆಯಿದೆ ಎಂದು ಭಾಟ್ಟ ಮೀಮಾಂಸಕರು ಹಟ ಹಿಡಿದರು. ದೀಪವನ್ನು ಸರಿಸಿದರೆ ನೆರಳೂ ಸರಿಯುತ್ತದಲ್ಲ, ಇಲ್ಲದ್ದು ಹೇಗೆ ಸರಿದೀತು ಎಂಬ ಧಾಟಿಯ ವಾದ ಅವರದು. ನೂರಾರು ವರ್ಷ ಈ ಜಗಳ ನಡೆಯಿತು. ಹೀಗಿರುವಲ್ಲಿ, ಕತ್ತಲೆಯನ್ನು ಬಗೆಬಗೆಯಾಗಿ ಅಳೆಯುವ ಯಂತ್ರವೊಂದನ್ನು ಭರದ್ವಾಜನಂಥ ಋಷಿ ಹೇಳಿದ್ದರೆ ಮೀಮಾಂಸಕರು ಅದನ್ನು ಬಿಡುತ್ತಿದ್ದರೆ? “ಇಲ್ಲದ್ದನ್ನು ಅಳೆಯಲಾದೀತೆ? ಅಳತೆಗೆ ಸಿಕ್ಕಿದ ಮೇಲೆ ಅದು ದ್ರವ್ಯವಲ್ಲವೆ?” ಎಂದು ಎದುರಾಳಿಯ ಬಾಯಿ ಮುಚ್ಚಿಸುತ್ತಿದ್ದರು. ವೈಶೇಷಿಕರು ಅದಕ್ಕೊಂದು ಸಮಾಧಾನ ಹುಡುಕುತ್ತಿದ್ದರು. ಎರಡು ಪಕ್ಷದವರೂ ಆ ಯಂತ್ರದ ಹೆಸರನ್ನು ಎತ್ತಿಲ್ಲ. ಅವರ ಕಾಲದಲ್ಲಿ ಆ ಗ್ರಂಥವಿರಲಿಲ್ಲವೆಂದು ಹೇಳುವುದಕ್ಕೆ ಇದಕ್ಕಿಂತ ಗಟ್ಟಿಯಾದ ಲಿಂಗ ನನಗೆ ಕಾಣದು.

ಅಂಧತಮವೇ ಮೊದಲಾದ ಹೆಸರುಗಳಾದರೋ ಅಮರಕೋಶವನ್ನು ಬಾಯಿಪಾಠ ಮಾಡಿದವರಿಗೆ ಹೊಸವೆನಿಸವು. ದಟ್ಟವಾದ ಕತ್ತಲೆಗೆ ಒಂದು ಮಾತು, ತೆಳುವಾದುದಕ್ಕೆ ಒಂದು, ಎಲ್ಲೆಡೆ ಕವಿದುದಕ್ಕೆ ಮತ್ತೊಂದು ಎಂದು ಅಮರಸಿಂಹನು ಭೇದ ಮಾಡಿದ್ದಾನೆ. ಕಿರಣದ ಜಾತಿಗಳಿಗೆ ಹೆಸರು ಬೇಕಾದವರು ಅಂಥ ಕೋಶದ ಕಣಜಕ್ಕೆ ಕೈಹಾಕುವುದು ಸಹಜ.

ಇನ್ನು ಹೆಸರಿನ ವಿಚಾರ. ‘ಬೋಧಿನಿ’, ‘ದೀಪಿಕೆ’, ‘ಚಂದ್ರಿಕೆ’, ‘ಪ್ರದೀಪಿಕೆ’ ಇವು ಋಷಿಗಳ ಸೂತ್ರಗ್ರಂಥಗಳಿಗೆ ಒಪ್ಪುವ ಹೆಸರುಗಳಲ್ಲ. ಈಚಿನ ಕಾಲದ ವ್ಯಾಖ್ಯಾನಗಳಿಗೆ, ಕೈಪಿಡಿಗಳಿಗೆ ಒಪ್ಪುವಂಥವು. ಗೀತೆಗೆ ಶ್ರೀಧರಸ್ವಾಮಿಗಳು ಬರೆದ ವ್ಯಾಖ್ಯಾನ ಸುಬೋಧಿನಿ. ಸಿದ್ಧಾಂತಕೌಮುದಿಯ ಮೇಲಿನ ಟೀಕೆ ತತ್ತ್ವಬೋಧಿನಿ. ಬಂಗಾಳದಲ್ಲಿ 1843ರಲ್ಲಿ ಹುಟ್ಟಿದ ಪತ್ರಿಕೆಯ ಹೆಸರೂ ತತ್ತ್ವಬೋಧಿನಿಯೇ. ಹೆಸರೊಂದರಿಂದಲೇ ಕಾಲನಿರ್ಣಯ ಆಗದೆಂಬುದನ್ನು ನಾನು ಬಲ್ಲೆ. ಆದರೂ ಸೂತ್ರಕಾಲದ ಋಷಿ ತನ್ನ ಗ್ರಂಥಕ್ಕೆ ಇಂಥ ಹೆಸರಿಡುವುದೆಂದರೆ ಹಳೆಯ ಶಾಸನದಲ್ಲಿ ಹೊಸಗನ್ನಡದ ವಾಕ್ಯವೊಂದು ಕಂಡಂತೆ. ಕಣ್ಣು ಅಲ್ಲಿ ತಾನಾಗಿ ನಿಲ್ಲುತ್ತದೆ.

ವಿದ್ಯುತ್ ಎಂಬ ಮಾತನ್ನು ನೋಡಿ. ಹಳೆಯ ಸಂಸ್ಕೃತದಲ್ಲಿ ಅದಕ್ಕೆ ಮಿಂಚು ಎಂದೇ ಅರ್ಥ. ತಂತಿಯಲ್ಲಿ ಹರಿಯುವ, ಯಂತ್ರದಲ್ಲಿ ಉತ್ಪನ್ನವಾಗುವ ಶಕ್ತಿ ಎಂಬ ಅರ್ಥವನ್ನು ಅದಕ್ಕೆ ಕೊಟ್ಟವರು ಹತ್ತೊಂಬತ್ತನೆಯ ಶತಮಾನದ ನಮ್ಮ ಪಾರಿಭಾಷಿಕ ಶಬ್ದಕಾರರು. ವೈಮಾನಿಕ ಶಾಸ್ತ್ರದಲ್ಲಿ ಈ ಎರಡನೆಯ ಅರ್ಥವೇ ರೂಢಿಯ ಅರ್ಥ. ವಿಮಾನದಲ್ಲಿ ವಿದ್ಯುದ್ಯಂತ್ರವೇ ಕೂತಿದೆ. ಭಾರತೀಯ ವಿಜ್ಞಾನ ಸಂಸ್ಥೆಯ ಎಚ್. ಎಸ್. ಮುಕುಂದ ಮತ್ತು ಅವರ ನಾಲ್ವರು ಸಹೋದ್ಯೋಗಿಗಳು 1974ರಲ್ಲಿ ಈ ಗ್ರಂಥವನ್ನು ಪರೀಕ್ಷಿಸಿ ಒಂದು ಲೇಖನ ಪ್ರಕಟಿಸಿದರು. ಅದರಲ್ಲಿ ಹೇಳಿದ ಯಾವ ವಿಮಾನವೂ ಹಾರಲಾರದು, ಭಾಷೆ ಈಚಿನ ಸರಳ ಸಂಸ್ಕೃತ, ಗ್ರಂಥ 1904ಕ್ಕಿಂತ ಹಿಂದಿನದಲ್ಲ ಎಂಬುದು ಅವರ ನಿರ್ಣಯ. ಬರೆದುಕೊಂಡ ವೆಂಕಟಾಚಲ ಶರ್ಮರನ್ನೇ ಅವರು ಕಂಡು ವಿಚಾರಿಸಿದ್ದರು. ವಿಮಾನದ ಮಾತನ್ನು ಇಲ್ಲಿಗೆ ಬಿಡೋಣ. ನಮಗೆ ಬೇಕಾದುದು ಬೆಳಕು.

ಕಾಣದ ಕಿರಣಗಳನ್ನು ಮನುಷ್ಯ ತಿಳಿದುಕೊಂಡ ಬಗೆ ಹೇಗೆ? ಮೂರು ಮುಖದ ಗಾಜಿನ ಪಟ್ಟಕದಿಂದ ಬಿಸಿಲನ್ನು ಏಳು ಬಣ್ಣಗಳಾಗಿ ಹರಡಿ, ಆ ಬಣ್ಣಗಳು ಗಾಜಿನಿಂದ ಹುಟ್ಟಿದವಲ್ಲ, ಬಿಸಿಲಿನಲ್ಲಿಯೇ ಇದ್ದವು ಎಂದು ನ್ಯೂಟನ್ 1672ರಲ್ಲಿ ಪ್ರಕಟಿಸಿದನು. ಅಲ್ಲಿಂದ ನೂರಿಪ್ಪತ್ತೆಂಟು ವರ್ಷಗಳ ಮೇಲೆ, 1800ರಲ್ಲಿ, ವಿಲಿಯಂ ಹರ್ಷೆಲ್ ಎಂಬ ಖಗೋಳಜ್ಞ ಯಾವ ಬಣ್ಣದಲ್ಲಿ ಎಷ್ಟು ಕಾವಿದೆ ಎಂದು ನೋಡಲು ಉಷ್ಣಮಾಪಕಗಳನ್ನು ಬಣ್ಣದ ಪಟ್ಟಿಯುದ್ದಕ್ಕೂ ಇಟ್ಟನು. ನೇರಳೆಗಿಂತ ಹಸುರಿನಲ್ಲಿ, ಹಸುರಿಗಿಂತ ಕೆಂಪಿನಲ್ಲಿ ಕಾವು ಹೆಚ್ಚು. ಕೆಂಪು ಮುಗಿದು ಬಣ್ಣವೇ ಇಲ್ಲದ ಜಾಗದಲ್ಲಿ ಕಾವು ಇನ್ನೂ ಹೆಚ್ಚು! ಅಲ್ಲಿ ಏನೋ ಬೀಳುತ್ತಿದೆ, ಕಣ್ಣಿಗೆ ಕಾಣುತ್ತಿಲ್ಲ. ಅವಕೆಂಪು ಕಿರಣ ಸಿಕ್ಕಿದ್ದು ಹೀಗೆ. ಮರುವರ್ಷ ಜರ್ಮನಿಯಲ್ಲಿ ರಿಟ್ಟರ್ ಎಂಬಾತ, ಒಂದು ತುದಿಯ ಆಚೆ ಹೀಗಿದ್ದರೆ ಇನ್ನೊಂದು ತುದಿಯ ಆಚೆಯೂ ಏನಾದರೂ ಇರಬೇಕಲ್ಲ ಎಂದುಕೊಂಡು, ಬೆಳಕು ಬಿದ್ದರೆ ಕಪ್ಪಾಗುವ ಬೆಳ್ಳಿಯ ಲವಣವನ್ನು ನೇರಳೆಯ ಆಚೆ ಇಟ್ಟು ನೋಡಿದನು. ನೇರಳೆಯಲ್ಲಿದ್ದುದಕ್ಕಿಂತ ಬೇಗ ಅದು ಕಪ್ಪಾಯಿತು. ನೇರಳಾತೀತ ಕಿರಣ ಗೊತ್ತಾದುದು ಇದರಿಂದ. ಮುಂದೆ 1887ರಲ್ಲಿ ಹರ್ಟ್ಸ್ ತೋರಿಸಿಕೊಟ್ಟ ಅಲೆಗಳೂ ಇದೇ ಕುಲದ್ದು. ಬಾನುಲಿಯ ಕಾರ್ಯಕ್ರಮ ಓದುಗರ ಮನೆಗೆ ಬರುವುದು ಆ ಕಾಣದ ಬೆಳಕಿನ ಮೇಲೆ ಏರಿಕೊಂಡು. 1895ರಲ್ಲಿ ರಂಟ್ಜೆನ್ನನ ಕ್ಷಕಿರಣ ಬಂದಿತು.

ಅಂಶುಬೋಧಿನಿ ಅಚ್ಚಾಗುವ ಹೊತ್ತಿಗೆ ಇವೆಲ್ಲ ನಮ್ಮ ಕಾಲೇಜುಗಳ ಪಾಠವಾಗಿದ್ದವು. ಕಾಣದ ಕಿರಣಗಳ ಮಾತು ಬೆಂಗಳೂರಿನ ಓದುಬಲ್ಲ ಜನಕ್ಕೆ ಹೊಸದಾಗಿರಲಿಲ್ಲ. ಆದುದರಿಂದ 1931ರ ಅಚ್ಚಿನ ಪುಸ್ತಕದಲ್ಲಿ ಆ ಕಿರಣಗಳ ಸುಳಿವು ಕಂಡರೆ ಅದು 1931ರವರಿಗೆ ತಿಳಿದಿತ್ತು ಎಂಬುದು ಸಿದ್ಧವಾಗುತ್ತದೆಯೇ ಹೊರತು ಭರದ್ವಾಜನಿಗೆ ತಿಳಿದಿತ್ತು ಎಂಬುದು ಸಿದ್ಧವಾಗದು. 1990ರ ದಶಕದಲ್ಲಿ ಕೆಲವು ವಿಜ್ಞಾನಿಗಳು ಭರದ್ವಾಜನ ಹೆಸರಿನ ಈ ಗ್ರಂಥಗಳಲ್ಲಿ ಹೇಳಿದ ‘ಪ್ರಕಾಶಸ್ತಂಭನಾಭಿದ ಲೋಹ’ವೆಂಬ ಗಾಜಿನಂಥ ಪದಾರ್ಥವನ್ನು ತಯಾರಿಸಿ, ಅದು ಅವಕೆಂಪು ಕಿರಣಗಳನ್ನು ಹಾಯಿಸುತ್ತದೆ ಎಂದು ವಿಜ್ಞಾನಚರಿತ್ರೆಯ ಪತ್ರಿಕೆಯಲ್ಲಿ ಬರೆದರು. ಅವರ ಶ್ರಮವನ್ನು ಹಗುರಮಾಡಬೇಕಾಗಿಲ್ಲ. ಗಾಜು ಒಳ್ಳೆಯದೇ ಇರಬಹುದು. ಆದರೆ ಹೋಳಿಗೆ ರುಚಿಯಾಗಿದೆ ಎಂದಮಾತ್ರಕ್ಕೆ ಅದರ ವಿಧಾನ ನಳಮಹಾರಾಜ ಬರೆದಿಟ್ಟದ್ದು ಎಂದು ಹೇಳಬಹುದೆ? ಪದಾರ್ಥದ ಪರೀಕ್ಷೆ ಬೇರೆ, ಪುಸ್ತಕದ ವಯಸ್ಸಿನ ಪರೀಕ್ಷೆ ಬೇರೆ. ಇನ್ನೂ ಒಂದು ಮಾತು: ಇಂಥ ಗ್ರಂಥಗಳಲ್ಲಿ ವಿಜ್ಞಾನದ ಸಂಗತಿಗಳು ಕಾಣಸಿಗುವುದು ವಿಜ್ಞಾನಿಗಳು ಅವನ್ನು ಕಂಡುಹಿಡಿದ ಮೇಲೆಯೇ. ಮುಂಚಿತವಾಗಿ ಗ್ರಂಥ ನೋಡಿ ಹೊಸ ಕಿರಣವೊಂದನ್ನು ತೋರಿಸಿದವರು ಒಬ್ಬರೂ ಇಲ್ಲ.

ಇದೇ ಬೆಂಗಳೂರಿನ ಇನ್ನೊಂದು ಸಂಗತಿಯನ್ನು ನೆನೆಯದೆ ಮುಂದೆ ಹೋಗಲಾಗದು. 1928ರ ಮಾರ್ಚ್ 16ರಂದು ಸಿ. ವಿ. ರಾಮನ್ನರು ಇಲ್ಲಿ ದಕ್ಷಿಣ ಭಾರತ ವಿಜ್ಞಾನ ಸಂಘದ ಮುಂದೆ ಉಪನ್ಯಾಸ ಮಾಡಿದರು. ಫೆಬ್ರವರಿ 28ರಂದು ಕಲ್ಕತ್ತೆಯಲ್ಲಿ ತಾವೂ ಕೆ. ಎಸ್. ಕೃಷ್ಣನ್ನರೂ ಕಂಡ ಹೊಸ ಬೆಳಕಿನ ವಿಚಾರವನ್ನು ಅವರು ವಿಸ್ತಾರವಾಗಿ ನಿರೂಪಿಸಿದ್ದು ಆ ಸಭೆಯಲ್ಲಿ. ದ್ರವದ ಮೇಲೆ ಒಂದು ಬಣ್ಣದ ಬೆಳಕು ಬಿದ್ದು ಚದರಿದಾಗ ಅದರಲ್ಲಿ ಅತ್ಯಲ್ಪ ಭಾಗ ಬಣ್ಣ ಬದಲಿಸಿಕೊಂಡು ಹೊರಬರುತ್ತದೆ; ಆ ಬದಲಾವಣೆ ದ್ರವದ ಅಣುಗಳ ಗುಟ್ಟನ್ನು ಹೇಳುತ್ತದೆ. ರೋಹಿತದರ್ಶಕ, ಬಣ್ಣ ಸೋಸುವ ಗಾಜುಗಳು, ಬಿಸಿಲು ಮತ್ತು ದೀಪ, ಇವೇ ಮೊದಲಿನ ಉಪಕರಣಗಳು. ಯಾರು ಬೇಕಾದರೂ ಮಾಡಿನೋಡಬಹುದಾಗಿತ್ತು, ಮಾಡಿನೋಡಿದವರು ಹೌದೆಂದರು. ಮೂರು ವರ್ಷಗಳ ಅಂತರದಲ್ಲಿ ಒಂದೇ ಊರಿನಲ್ಲಿ ಬೆಳಕಿನ ಎರಡು ಶಾಸ್ತ್ರಗಳು ಪ್ರಕಟವಾದಂತಾಯಿತು. ನಮ್ಮ ಹುಡುಗರಲ್ಲಿ ಎರಡನೆಯದನ್ನು ಹೇಳಬಲ್ಲವರು ಹೆಚ್ಚು, ಮೊದಲನೆಯದು ಏನೆಂದು ವಿವರಿಸಬಲ್ಲವರು ಕಡಮೆ.

ಹಾಗಾದರೆ ಬೆಳಕಿನ ವಿಷಯದಲ್ಲಿ ನಮ್ಮ ಪೂರ್ವಿಕರು ಏನೂ ಹೇಳಲಿಲ್ಲವೆ? ಹೇಳಿದ್ದಾರೆ, ಹೇಳಿದ್ದು ಚೆನ್ನಾಗಿಯೂ ಇದೆ. ಆರನೆಯ ಶತಮಾನದ ವರಾಹಮಿಹಿರ ಬೃಹತ್ಸಂಹಿತೆಯಲ್ಲಿ ಕಾಮನಬಿಲ್ಲಿಗೆ ಕಾರಣ ಕೊಡುತ್ತ, ಸೂರ್ಯನ ಬಗೆಬಗೆಯ ಬಣ್ಣದ ಕಿರಣಗಳು ಮೋಡವಿರುವ ಆಕಾಶದಲ್ಲಿ ಗಾಳಿಗೆ ತಾಗಿ ಚದರಿ ಬಿಲ್ಲಿನಂತೆ ಕಾಣುತ್ತವೆ ಎಂದನು. ಗಾಳಿಯ ಮಾತು ಸರಿಯಲ್ಲ, ಹನಿ ಎನ್ನಬೇಕಿತ್ತು. ಬಣ್ಣ ಸೂರ್ಯನ ಕಿರಣದ್ದೇ ಎಂದುದು ಸಣ್ಣ ಮಾತಲ್ಲ.

ಇದಕ್ಕಿಂತ ರಸವತ್ತಾದುದು ಕಣ್ಣಿನ ವಿವಾದ. ಕಣ್ಣು ತೇಜಸ್ಸಿನಿಂದ ಆದದ್ದು, ಅದರಿಂದ ಕಿರಣ ಹೊರಟು ವಸ್ತುವನ್ನು ಮುಟ್ಟುತ್ತದೆ, ಆಗ ನೋಟ ಉಂಟಾಗುತ್ತದೆ ಎಂಬುದು ನೈಯಾಯಿಕರ ಮತ. ಹೀಗೆ ಹೋಗಿ ಮುಟ್ಟುವುದಕ್ಕೆ ಪ್ರಾಪ್ಯಕಾರಿ ಎಂದು ಪರಿಭಾಷೆ. ನ್ಯಾಯಸೂತ್ರದ ಮೂರನೆಯ ಅಧ್ಯಾಯದಲ್ಲಿ ಈ ಚರ್ಚೆ ಬರುತ್ತದೆ. ಕಿರಣ ಹೊರಡುವುದಾದರೆ ನಮಗೇಕೆ ಕಾಣದು ಎಂದು ಎದುರಾಳಿ ಕೇಳುತ್ತಾನೆ. ನಡುಹಗಲಿನಲ್ಲಿ ಉಲ್ಕೆಯ ಬೆಳಕು ಬಿಸಿಲಿಗೆ ಸೋತು ಕಾಣದಿರುವಂತೆ ಎಂದು ಸಿದ್ಧಾಂತಿಯ ಕಡೆಯಿಂದ ಮಾತು ಬರುತ್ತದೆ. ಹಾಗಾದರೆ ಮಣ್ಣಿನ ಹೆಂಟೆಗೂ ಕಿರಣವಿದೆ, ಹಗಲಿನಲ್ಲಿ ಸೋತು ಕಾಣದು ಎನ್ನಬಹುದಲ್ಲ ಎಂಬ ಆಕ್ಷೇಪ. ಇಲ್ಲ, ಹೆಂಟೆಯ ಕಿರಣ ರಾತ್ರಿಯಲ್ಲಿಯೂ ಕಾಣುವುದಿಲ್ಲವಷ್ಟೆ. ಕಣ್ಣಿನ ಕಿರಣವಾದರೋ? ರಾತ್ರಿ ತಿರುಗುವ ಪ್ರಾಣಿಗಳ ಕಣ್ಣು ಹೊಳೆಯುವುದನ್ನು ನೋಡಿಲ್ಲವೆ ಎಂದು ಸಿದ್ಧಾಂತಿ ಬೆಕ್ಕನ್ನು ತಂದು ನಿಲ್ಲಿಸುತ್ತಾನೆ! ಗಾಜು, ಅಭ್ರಕ, ಸ್ಫಟಿಕಗಳ ಹಿಂದಿನ ವಸ್ತು ಕಾಣುವುದಲ್ಲ, ಮುಟ್ಟದೆ ಹೇಗೆ ಕಂಡಿತು ಎಂಬ ಪ್ರಶ್ನೆಯೂ ಅಲ್ಲಿ ಬಂದಿದೆ. ತಿಳಿಯಾದ ವಸ್ತು ಕಿರಣವನ್ನು ತಡೆಯದು ಎಂಬುದು ಉತ್ತರ. ನೈಯಾಯಿಕರ ತೀರ್ಮಾನ ಇಂದು ನಿಲ್ಲುವುದಿಲ್ಲ. ಬೆಕ್ಕಿನ ಕಣ್ಣಿನ ಹಿಂಭಾಗದಲ್ಲಿ ಕನ್ನಡಿಯಂಥ ಪೊರೆಯೊಂದಿದೆ. ಹೊರಗಿನ ಬೆಳಕು ಅದಕ್ಕೆ ತಗಲಿ ಹಿಂದಿರುಗುವುದರಿಂದ ಕಣ್ಣು ಹೊಳೆಯುತ್ತದೆ. ಒಂದಿಷ್ಟೂ ಬೆಳಕಿಲ್ಲದ ಕೋಣೆಯಲ್ಲಿ ಬೆಕ್ಕಿನ ಕಣ್ಣು ಹೊಳೆಯದು. ಆದರೆ ವಾದದ ರೀತಿಯನ್ನು ನೋಡಿ: ದಿನಬಳಕೆಯ ಸಂಗತಿ, ಆಕ್ಷೇಪ, ಮರುಪರೀಕ್ಷೆ. ರಹಸ್ಯವೆಂಬ ಮಾತೇ ಇಲ್ಲ.

ಬೌದ್ಧರೂ ಜೈನರೂ ಕಣ್ಣು ಹೊರಗೆ ಹೋಗಿ ಮುಟ್ಟುವುದನ್ನು ಒಪ್ಪಲಿಲ್ಲ. ಶ್ರವಣಬೆಳಗೊಳದ ಶಾಸನಗಳು ಕೊಂಡಾಡುವ ಪೂಜ್ಯಪಾದರು ತತ್ತ್ವಾರ್ಥಸೂತ್ರಕ್ಕೆ ಬರೆದ ಸರ್ವಾರ್ಥಸಿದ್ಧಿ ಎಂಬ ವೃತ್ತಿಯಲ್ಲಿ ಇದಕ್ಕೊಂದು ಸುಲಭವಾದ ಯುಕ್ತಿಯನ್ನು ಹೇಳಿದ್ದಾರೆ. ಚರ್ಮಕ್ಕೆ ಏನಾದರೂ ತಗಲಿದರೆ ಒಡನೆ ತಿಳಿಯುತ್ತದೆ. ಕಣ್ಣೂ ಹಾಗೆ ಮುಟ್ಟಿ ತಿಳಿಯುವ ಇಂದ್ರಿಯವಾಗಿದ್ದರೆ ತನಗೆ ಹಚ್ಚಿದ ಅಂಜನವನ್ನು ಅದು ಎಲ್ಲಕ್ಕಿಂತ ಮೊದಲು ನೋಡಬೇಕಾಗಿತ್ತು, ನೋಡುವುದಿಲ್ಲವಲ್ಲ! ಅಂಜನ ಹಾಕಿ ನಿಧಿ ಕಾಣಿಸುತ್ತೇವೆ ಎನ್ನುವವರ ಕಥೆಗಳು ನಮ್ಮಲ್ಲಿ ಬಹಳ. ಅದೇ ಅಂಜನದಿಂದ ಕಣ್ಣಿನ ಸ್ವಭಾವವನ್ನು ಪರೀಕ್ಷಿಸಿದ ಯುಕ್ತಿಯೂ ನಮ್ಮದೇ. ಸರ್ವಾರ್ಥಸಿದ್ಧಿಗೆ ಹಳೆಯ ಓಲೆಪ್ರತಿಗಳಿವೆ, ಅದನ್ನು ಅನುಸರಿಸಿ ವಾರ್ತಿಕ ಬರೆದ ಅಕಲಂಕರಿದ್ದಾರೆ, ಅಚ್ಚಾದ ಪುಸ್ತಕವೂ ದೊರೆಯುತ್ತದೆ. ಮೊದಲ ಅಧ್ಯಾಯದ ಹತ್ತೊಂಬತ್ತನೆಯ ಸೂತ್ರದ ವ್ಯಾಖ್ಯಾನವನ್ನು ತೆಗೆದು ನೋಡಿದರೆ ಆ ಅಂಜನದ ಮಾತು ಅಲ್ಲಿ ಸಿಗುತ್ತದೆ.